ಹುಳಿಹಾಲಿನ ಹೂರಣ: ಪೋಲೆಂಡಿನ ಪಿಯರೋಗಿಯನ್ನು ಮನೆಯಲ್ಲಿ ಮಾಡುವ ಬಗೆ

ಬಾಲ್ಟಿಕ್ ಸಮುದ್ರಕ್ಕೂ ಕಾರ್ಪೇಥಿಯನ್ ಪರ್ವತಶ್ರೇಣಿಗೂ ನಡುವೆ ಹರಡಿರುವ ಪೋಲೆಂಡಿನ ಬಯಲುಸೀಮೆಯಲ್ಲಿ ಗೋಧಿ, ರೈ, ಎಲೆಕೋಸು, ಆಲೂಗೆಡ್ಡೆ, ಹಸುವಿನ ಹಾಲು ಎಂಬ ಕೆಲವೇ ಪದಾರ್ಥಗಳಿಂದ ಜನರು ತಮ್ಮ ನಿತ್ಯದ ಊಟವನ್ನೂ ಹಬ್ಬದ ಊಟವನ್ನೂ ರೂಢಿಸಿಕೊಂಡು ಬಂದಿದ್ದಾರೆ. ಆ ಊಟದ ಭಕ್ಷ್ಯಗಳಲ್ಲಿ ನಾಡಿನ ಹೆಸರಿನೊಡನೆಯೇ ಬೆಸೆದುಕೊಂಡು ಬಂದಿರುವುದು ಪಿಯರೋಗಿ. ತೆಳ್ಳಗೆ ಲಟ್ಟಿಸಿದ ಕಣಕದ ಬಿಲ್ಲೆಯೊಳಗೆ ಹೂರಣವಿಟ್ಟು, ಅರ್ಧಚಂದ್ರಾಕಾರವಾಗಿ ಮಡಿಚಿ, ಅಂಚನ್ನು ಒತ್ತಿ, ಕುದಿಯುವ ಉಪ್ಪುನೀರಿನಲ್ಲಿ ಬೇಯಿಸಿ ತೆಗೆಯುವ ಈ ತಿನಿಸು ಆಕಾರದಲ್ಲಿ ನಮ್ಮ ಕರ್ಜಿಕಾಯಿಯನ್ನೇ ಹೋಲುತ್ತದೆಯಾದರೂ, ಎಣ್ಣೆಯ ಸಂಪರ್ಕವಿಲ್ಲದೆ ನೀರಿನಲ್ಲಿ ಬೇಯುವುದರಿಂದ ಅದರ ಮೈ ಮೃದುವಾಗಿಯೂ ನುಣುಪಾಗಿಯೂ ಇರುತ್ತದೆ. ಇದನ್ನು ಮನೆಯಲ್ಲಿ ಮಾಡಹೊರಡುವವರು ಸಾಮಾನ್ಯವಾಗಿ ತಮ್ಮ ಶ್ರದ್ಧೆಯನ್ನೆಲ್ಲ ಕಣಕದ ಮೇಲೂ ಅಂಚಿನ ನೆರಿಗೆಯ ಮೇಲೂ ವ್ಯಯಿಸುತ್ತಾರೆ. ಆದರೆ ಪಿಯರೋಗಿಯ ಸತ್ತ್ವ ಅಡಗಿರುವುದು ಹೂರಣದಲ್ಲಿ. ಹೂರಣದ ಸತ್ತ್ವ ಅಡಗಿರುವುದು ಹುಳಿಹಾಲನ್ನು ಮಂದವಾದ ಕಾವಿನಲ್ಲಿ ಬೇರ್ಪಡಿಸಿ ಪಡೆಯುವ ತ್ವಾರುಗ್ ಎಂಬ ಬಿಳಿಯ, ಉದುರುದುರಾದ, ತಿಳಿಹುಳಿಯ ಚೀಸಿನಲ್ಲಿ. ಆದಕಾರಣ ಈ ಲೇಖನದ ದೊಡ್ಡ ಭಾಗವೊಂದು ಆ ತ್ವಾರುಗ್‌ಗೇ ಮೀಸಲಾದರೆ ವಾಚಕರು ಅದನ್ನು ಅಪ್ರಸ್ತುತವೆಂದು ಎಣಿಸಬಾರದು.

ಪಿಯರೋಗಿಯಲ್ಲಿ ಬಗೆಗಳು ಹಲವು. ಕ್ರಿಸ್‌ಮಸ್ಸಿನ ಹಿಂದಿನ ದಿನವಾದ ಡಿಸೆಂಬರ್ 24ರ ಸಂಜೆ, ಆಕಾಶದಲ್ಲಿ ಮೊದಲ ನಕ್ಷತ್ರ ಕಾಣಿಸಿಕೊಂಡ ತರುವಾಯ ಪ್ರಾರಂಭವಾಗುವ ವಿಗಿಲಿಯಾ ಭೋಜನದಲ್ಲಿ ಮಾಂಸ ವರ್ಜ್ಯವಾದುದರಿಂದ, ಅಂದು ಹುಳಿಗಟ್ಟಿಸಿದ ಎಲೆಕೋಸು ಮತ್ತು ಒಣಗಿಸಿದ ಕಾಡಣಬೆಗಳ ಹೂರಣವೇ ರೂಢಿ. ಬೇಸಗೆಯಲ್ಲಿ, ಕಾಡಿನ ಕಪ್ಪುನೀಲಿ ಬೆರಿಹಣ್ಣುಗಳು ಮಾರುಕಟ್ಟೆಗೆ ಬಂದಾಗ, ಅವುಗಳನ್ನೇ ಸಕ್ಕರೆಯೊಡನೆ ತುಂಬುವುದುಂಟು. ಮಾಂಸಾಹಾರಿಗಳ ಮನೆಯಲ್ಲಿ ಬೇಯಿಸಿ ಕೊಚ್ಚಿದ ಮಾಂಸವೂ ಹೂರಣವಾಗುತ್ತದೆ. ಇವೆಲ್ಲವುಗಳ ನಡುವೆ ವರ್ಷದ ಎಲ್ಲ ಋತುಗಳಲ್ಲಿಯೂ, ಬಡವ ಬಲ್ಲಿದನೆಂಬ ಭೇದವಿಲ್ಲದೆ, ಎಲ್ಲರ ಮೇಜಿನ ಮೇಲೂ ಕಾಣಬರುವುದು ರುಸ್ಕಿಯೆ ಎಂದು ಕರೆಯಲ್ಪಡುವ ಪಿಯರೋಗಿ: ಬೇಯಿಸಿ ಮಸೆದ ಆಲೂಗೆಡ್ಡೆ, ತ್ವಾರುಗ್, ಬೆಣ್ಣೆಯಲ್ಲಿ ಹುರಿದ ಈರುಳ್ಳಿ, ಉಪ್ಪು, ಕರಿಮೆಣಸು. ಇಷ್ಟನ್ನು ಬಿಟ್ಟರೆ ಅದರಲ್ಲಿ ಬೇರೇನೂ ಇಲ್ಲ. ಹೆಸರು ಹಾಗೆ ಧ್ವನಿಸಿದರೂ ಇದರ ಮೂಲಸ್ಥಾನ ರಷ್ಯವಲ್ಲ. ಹಿಂದೆ ಪೋಲಿಷ್ ರಾಜ್ಯಕ್ಕೆ ಸೇರಿದ್ದು ಈಗ ಬಹುಮಟ್ಟಿಗೆ ಪಶ್ಚಿಮ ಯುಕ್ರೇನಿನಲ್ಲಿರುವ, ಲ್ವಿವ್ ನಗರದ ಸುತ್ತಮುತ್ತಣ ರುಥೇನಿಯಾ ಪ್ರಾಂತ. ಎರಡನೆಯ ಮಹಾಯುದ್ಧದ ಅಂತ್ಯದಲ್ಲಿ ಪೋಲೆಂಡಿನ ಗಡಿಗಳು ಪಶ್ಚಿಮಕ್ಕೆ ಸರಿದಾಗ, ಆ ಪ್ರಾಂತದ ಪೋಲರು ಮನೆಮಠಗಳನ್ನು ತೊರೆದು ವ್ರೋತ್ಸ್ವಾಫ್ ಮೊದಲಾದ ಪಶ್ಚಿಮದ ಊರುಗಳಿಗೆ ಬಂದು ನೆಲೆಸಬೇಕಾಯಿತು. ಅವರ ಅಡುಗೆಯೂ ಅವರೊಡನೆ ಬಂದಿತು. ಸಾಮಾನು ಸರಂಜಾಮುಗಳನ್ನು ಬಿಟ್ಟುಬರಬೇಕಾದವರಿಗೆ ಕೈಯ ಅಭ್ಯಾಸವನ್ನು ಯಾರೂ ಬಿಟ್ಟುಬರಹೇಳಲಾರರಷ್ಟೆ.

ಪೋಲರಿಗೆ ಈ ತಿನಿಸಿನ ಮೇಲಿರುವ ಮಮತೆ ಎಷ್ಟೆಂದರೆ, ಅದಕ್ಕೆ ಒಬ್ಬ ಸಂತನ ಸಂಬಂಧವನ್ನೂ ಅವರು ಕಲ್ಪಿಸಿದ್ದಾರೆ. 1257ರಲ್ಲಿ ಕ್ರಾಕೋವ್ ನಗರದಲ್ಲಿ ತೀರಿಕೊಂಡ ಡೊಮಿನಿಕನ್ ಸನ್ಯಾಸಿ ಯಾತ್ಸೆಕ್, ಆಲಿಕಲ್ಲಿನ ಮಳೆಗೆ ಬೆಳೆ ನಾಶವಾಗಿ ಹತಾಶರಾಗಿದ್ದ ಹಳ್ಳಿಗರಿಗಾಗಿ ರಾತ್ರಿಯೆಲ್ಲ ಪ್ರಾರ್ಥಿಸಲು, ಬೆಳಗಾಗುವಷ್ಟರಲ್ಲಿ ನೆಲಕಚ್ಚಿದ್ದ ಪೈರು ಎದ್ದುನಿಂತಿತೆಂದೂ, ಆ ಧಾನ್ಯದ ಹಿಟ್ಟಿನಿಂದ ಜನರು ಪಿಯರೋಗಿ ಮಾಡಿ ಅವನಿಗೆ ಬಡಿಸಿದರೆಂದೂ ಐತಿಹ್ಯ. ಆಶ್ಚರ್ಯವಾದಾಗ 'ಸಂತ ಯಾತ್ಸೆಕನೇ, ಪಿಯರೋಗಿಯ ಸಮೇತ!' ಎಂದು ಉದ್ಗರಿಸುವ ರೂಢಿ ಪೋಲಿಷ್ ಭಾಷೆಯಲ್ಲಿ ಈಗಲೂ ಇದೆ. ಆ ಸಂತನ ಹಬ್ಬ ಬರುವ ಆಗಸ್ಟ್ ತಿಂಗಳಲ್ಲಿಯೇ ಕ್ರಾಕೋವಿನ ಹಳೆಯ ಪೇಟೆಯಲ್ಲಿ ಪಿಯರೋಗಿಯ ಜಾತ್ರೆಯೂ ನೆರೆಯುತ್ತದೆ. ಇನ್ನು ಊರೂರಿನ 'ಹಾಲಿನ ಬಾರು'ಗಳು: ಹೆಸರಿನಲ್ಲಿ ಬಾರ್ ಇದ್ದರೂ ಮದ್ಯದ ಗಂಧವಿಲ್ಲದ, ಹಾಲು, ಮೊಟ್ಟೆ, ಹಿಟ್ಟುಗಳ ಅಗ್ಗದ ಊಟ ನೀಡುವ ಈ ಭೋಜನಶಾಲೆಗಳಲ್ಲಿ ಮೊದಲನೆಯದು 1896ರಲ್ಲಿ ವಾರ್ಸಾದಲ್ಲಿ ಪ್ರಾರಂಭವಾಯಿತು; ಸಮಾಜವಾದಿ ಆಡಳಿತದ ಕಾಲದಲ್ಲಿ ಅವು ದೇಶದ ತುಂಬ ಹಬ್ಬಿದವು; ವಿದ್ಯಾರ್ಥಿಗಳೂ ನಿವೃತ್ತರೂ ಒಂದೇ ಸಾಲಿನಲ್ಲಿ ನಿಂತು ತಟ್ಟೆ ಹಿಡಿಯುವ ಆ ತಾಣಗಳಲ್ಲಿ ಇಂದಿಗೂ ತ್ವಾರುಗ್‌ನ ಪಿಯರೋಗಿ ತಪ್ಪದೆ ದೊರೆಯುತ್ತದೆ.

ಇನ್ನು ಪ್ರಕೃತ ವಿಷಯ. ಹಾಲಿನಲ್ಲಿರುವ ಪ್ರಧಾನ ಸಸಾರಜನಕವಾದ ಕೇಸಿನ್, ಹಾಲು ಸಾಕಷ್ಟು ಹುಳಿಯಾದೊಡನೆ, ನೀರಿನಲ್ಲಿ ಬಿಡಿಬಿಡಿಯಾಗಿ ತೇಲುವ ಶಕ್ತಿಯನ್ನು ಕಳೆದುಕೊಂಡು ಒಂದಕ್ಕೊಂದು ಅಂಟಿಕೊಳ್ಳುತ್ತದೆ. ಹಾಗೆ ಹೆಪ್ಪುಗಟ್ಟಿದುದನ್ನು ಅತ್ಯಂತ ಮೆಲ್ಲಗೆ ಬೆಚ್ಚಗೆ ಮಾಡಿದರೆ, ಅದು ಕುಗ್ಗುತ್ತ ತನ್ನೊಳಗಿನ ನೀರನ್ನು ಹೊರಗೆಡಹುತ್ತದೆ. ತ್ವಾರುಗ್ ತಯಾರಾಗುವುದು ಇಷ್ಟರಿಂದಲೇ. ಕರುವಿನ ಜಠರದಿಂದ ತೆಗೆಯುವ ರೆನೆಟ್ ಎಂಬ ದ್ರವ್ಯ ಸಾಂಪ್ರದಾಯಿಕ ತ್ವಾರುಗ್‌ಗೆ ಬೇಕಾಗುವುದಿಲ್ಲ. ಹುಳಿಯೇ ಆ ಕೆಲಸವನ್ನೆಲ್ಲ ಮಾಡುತ್ತದೆ. ಆದುದರಿಂದ ವಿದೇಶೀ ಚೀಸುಗಳ ವಿಷಯದಲ್ಲಿ ಶಂಕೆಯುಳ್ಳ ಶಾಕಾಹಾರಿಗಳು ಇದನ್ನು ನಿಶ್ಚಿಂತೆಯಿಂದ ಮಾಡಿ ಸೇವಿಸಬಹುದು. ನಮ್ಮಲ್ಲಿ ಪನೀರನ್ನು ಪಡೆಯುವ ವಿಧಾನ ಇದಕ್ಕಿಂತ ಬೇರೆ: ಅಲ್ಲಿ ಹಾಲನ್ನು ಕುದಿಯುವಷ್ಟು ಕಾಯಿಸಿದಾಗ ಅದರ ನೀರಿನ ಭಾಗದಲ್ಲಿರುವ ಸಸಾರಜನಕಗಳೂ ಕೇಸಿನ್ನಿಗೆ ಅಂಟಿಕೊಳ್ಳುತ್ತವೆ, ಅನಂತರ ನಿಂಬೆಯ ರಸದಿಂದ ಕ್ಷಣಮಾತ್ರದಲ್ಲಿ ಒಡೆಯಿಸುವುದರಿಂದ ಸಿದ್ಧವಾದ ವಸ್ತುವಿಗೆ ಸಿಹಿಯೂ ಜಿಗುಟೂ ಬರುತ್ತವೆ. ತ್ವಾರುಗ್‌ನ ಹುಳಿ ಹೊರಗಿನಿಂದ ಹಿಂಡಿದ ಹುಳಿಯಲ್ಲ. ಅದು ಗಂಟೆಗಟ್ಟಲೆ ಹಾಲಿನೊಳಗೇ ಬೆಳೆದದ್ದು. ಬಾಯಲ್ಲಿ ಅದು ಉದುರುವ ಬಗೆಗೂ ಈ ನಿಧಾನವೇ ಕಾರಣ.

ಹಿಂದೆ ಪೋಲಿಷ್ ರೈತರ ಮನೆಗಳಲ್ಲಿ ಕರೆದ ಹಾಲನ್ನು ಹಾಗೆಯೇ ಮಣ್ಣಿನ ಪಾತ್ರೆಯಲ್ಲಿ ಒಂದೆರಡು ದಿನ ಬಿಟ್ಟು ಹುಳಿಗಟ್ಟಿಸುತ್ತಿದ್ದರು. ನಗರವಾಸಿಗಳು ಪ್ಯಾಕೆಟ್ಟಿನ ಹಾಲನ್ನು ಅವಲಂಬಿಸಬೇಕಾದುದರಿಂದ ಹೆಪ್ಪನ್ನು ನಾವೇ ಹಾಕಬೇಕಾಗುತ್ತದೆ. ಎರಡು ಲೀಟರು ಕೆನೆಸಹಿತವಾದ, ಪಾಶ್ಚರೀಕರಿಸಿದ ಹಾಲನ್ನು ತೆಗೆದುಕೊಳ್ಳಿ. ಅದನ್ನು ಕುದಿಸುವ ಅಗತ್ಯವಿಲ್ಲ. ಸುಮಾರು 30 ಡಿಗ್ರಿ ಸೆಲ್ಸಿಯಸ್, ಎಂದರೆ ಕೈಗೆ ತಣ್ಣಗೂ ಬಿಸಿಯೂ ಅಲ್ಲವೆನಿಸುವಷ್ಟು ಬೆಚ್ಚಗೆ ಮಾಡಿ, ನಾಲ್ಕು ದೊಡ್ಡ ಚಮಚ ತಾಜಾ ಮೊಸರನ್ನು ಕದಡಿ ಬೆರೆಸಿ, ಮುಚ್ಚಿಡಿ. ಪೋಲೆಂಡಿನಲ್ಲಿ ಇದಕ್ಕೆ ಹುಳಿಕೆನೆಯನ್ನೋ ಮಜ್ಜಿಗೆಯನ್ನೋ ಬಳಸುತ್ತಾರೆ. ನಮ್ಮ ಮನೆಯ ಹೆಪ್ಪಿನಿಂದ ಬರುವ ಪರಿಮಳ ತುಸು ಬೇರೆಯಾದರೂ ಕೆಲಸ ಕೆಡುವುದಿಲ್ಲ. ಊಟಕ್ಕೆಂದು ಹಾಕಿದ ಮೊಸರನ್ನು ನಾವು ಹುಳಿಯೇರುವ ಮೊದಲೇ ತೆಗೆದುಬಿಡುತ್ತೇವೆ. ಇಲ್ಲಿ ಹಾಗೆ ಮಾಡಕೂಡದು. ಹುಳಿ ಚೆನ್ನಾಗಿ ಏರಿ, ಪಾತ್ರೆಯನ್ನು ಓರೆ ಮಾಡಿದಾಗ ಹೆಪ್ಪು ಅಂಚಿನಿಂದ ಬಿಡಿಸಿಕೊಂಡು ಪಕ್ಕದಲ್ಲಿ ತಿಳಿನೀರು ಕಾಣಿಸಿಕೊಳ್ಳುವವರೆಗೆ ಕಾಯಬೇಕು. ಬೇಸಗೆಯಲ್ಲಿ ಇದಕ್ಕೆ ಹತ್ತು ಹನ್ನೆರಡು ಗಂಟೆ ಸಾಕಾದೀತು, ಚಳಿಗಾಲದಲ್ಲಿ ಇಡೀ ಒಂದು ದಿನ ಹಿಡಿದೀತು. ತಿಂಗಳುಗಟ್ಟಲೆ ಕೆಡದಂತೆ ಅತ್ಯುಷ್ಣದಲ್ಲಿ ಸಂಸ್ಕರಿಸಿದ ಪೆಟ್ಟಿಗೆಯ ಹಾಲನ್ನು ಮಾತ್ರ ಈ ಕೆಲಸಕ್ಕೆ ತರಬೇಡಿ. ಅದರ ಹೆಪ್ಪು ನೀರನ್ನು ಬಿಟ್ಟುಕೊಡುವುದಿಲ್ಲ.

ಹೆಪ್ಪು ಸಿದ್ಧವಾದ ಮೇಲೆ ಉದ್ದನೆಯ ಚಾಕುವಿನಿಂದ ಅದನ್ನು ಪಾತ್ರೆಯಲ್ಲಿಯೇ ಎರಡು ಬೆರಳಗಲದ ಚೌಕಗಳಾಗಿ ಕೊಯ್ಯಿರಿ. ಈ ಪಾತ್ರೆಯನ್ನು ಬಿಸಿನೀರಿರುವ ಇನ್ನೊಂದು ಅಗಲವಾದ ಪಾತ್ರೆಯೊಳಗಿಟ್ಟು, ಒಲೆಯ ಉರಿಯನ್ನು ಅತ್ಯಂತ ಸಣ್ಣದಾಗಿಸಿ, ಅರ್ಧ ಗಂಟೆಯಿಂದ ಮುಕ್ಕಾಲು ಗಂಟೆಯವರೆಗೆ ಹಾಗೆಯೇ ಬಿಡಿ. ಕಲಕುವ ಆಸೆಯನ್ನು ತಡೆದುಕೊಳ್ಳುವುದು ಇಲ್ಲಿ ಬಹು ಮುಖ್ಯ. ನಡುನಡುವೆ ಅಗಲವಾದ ಮರದ ಸೌಟನ್ನು ಅಂಚಿನಿಂದ ಇಳಿಸಿ, ತಳದ ಚೌಕಗಳನ್ನು ಮೆಲ್ಲನೆ ಮೇಲಕ್ಕೆ ತಿರುವಿದರೆ ಸಾಕು. ಮೊದಲ ಹದಿನೈದು ನಿಮಿಷ ಏನೂ ಆಗುತ್ತಿಲ್ಲವೆಂಬ ಭ್ರಮೆಯುಂಟಾಗುತ್ತದೆ. ಆಮೇಲೆ ಚಾಕು ಎಳೆದ ಗೆರೆಗಳಲ್ಲಿ ಹಸುರು ಛಾಯೆಯ ಹಳದಿ ನೀರು ಜಿನುಗತೊಡಗಿ, ಚೌಕಗಳ ಚೂಪಾದ ಮೂಲೆಗಳು ಗುಂಡಗಾಗುತ್ತ ಬರುತ್ತವೆ; ಹೊಳೆಯುತ್ತಿದ್ದ ಅವುಗಳ ಮೈ ಮಂಕಾಗುತ್ತದೆ; ಸೌಟಿನ ಮೇಲೆ ಒಂದನ್ನೆತ್ತಿಕೊಂಡು ಬೆರಳಿನಿಂದ ಒತ್ತಿದರೆ, ಮೊದಲಿನಂತೆ ಜಾರಿ ಒಡೆಯದೆ ತುಸು ಎದುರೊತ್ತುತ್ತದೆ. ಕಾವು 40ರಿಂದ 45 ಡಿಗ್ರಿಯ ಆಸುಪಾಸಿನಲ್ಲಿರಬೇಕು. ಮಾಪಕವಿಲ್ಲದವರು ಬೆರಳದ್ದಿ ನೋಡಬಹುದು: ಬೆರಳನ್ನು ಹಿಂತೆಗೆಯಬೇಕೆನಿಸದ, ಆದರೆ ಸ್ಪಷ್ಟವಾಗಿ ಬಿಸಿಯೆನಿಸುವ ಹದ ಅದು. ಕುದಿಸಿ ಆರಿಸಿದ ಹಾಲಿನಿಂದ ಹೆಪ್ಪು ಮಾಡಿದ್ದರೆ ನೀರು ಬಿಡುವುದು ನಿಧಾನವಾದುದರಿಂದ 50 ಡಿಗ್ರಿಯನ್ನು ತುಸು ದಾಟಿದರೂ ಅಡ್ಡಿಯಿಲ್ಲ. ಅದಕ್ಕೂ ಮೀರಿ ಕಾಯಿಸಿದರೆ ಕಾಳುಗಳು ಬಿರುಸಾಗಿ, ಹಲ್ಲಿಗೆ ರಬ್ಬರಿನಂತೆ ಸಿಗುತ್ತವೆ. ಆ ದೋಷಕ್ಕೆ ಮತ್ತೆ ಪರಿಹಾರವಿಲ್ಲ.

ಉರಿ ಆರಿಸಿ, ಪಾತ್ರೆಯನ್ನು ಇದ್ದಲ್ಲಿಯೇ ಆರಲು ಬಿಟ್ಟು, ತರುವಾಯ ತೊಳೆದು ಹಿಂಡಿದ ತೆಳುವಾದ ಪಂಚೆಯ ಬಟ್ಟೆಯೊಳಕ್ಕೆ ಸೌಟಿನಿಂದ ಹೆಪ್ಪನ್ನು ತುಂಬಿ, ಗಂಟುಕಟ್ಟಿ, ಮೂರು ನಾಲ್ಕು ಗಂಟೆ ತೂಗುಹಾಕಿ. ಕೈಯಿಂದ ಹಿಂಡಿದರೆ ನೀರಿನೊಡನೆ ನಯವಾದ ಭಾಗವೂ ಬಟ್ಟೆಯ ರಂಧ್ರಗಳಿಂದ ಹೊರಟುಹೋಗುವುದರಿಂದ, ತೂಕವೇ ತನ್ನ ಕೆಲಸ ಮಾಡಲಿ. ಕೊನೆಯಲ್ಲಿ ಗಂಟನ್ನು ಎರಡು ಮಣೆಗಳ ನಡುವೆ ಇಟ್ಟು, ಮೇಲೆ ಸುಮಾರು ಒಂದು ಕಿಲೋ ಭಾರವನ್ನು ಹೇರಿ, ಒಂದು ಗಂಟೆ ಬಿಟ್ಟರೆ ಪಿಯರೋಗಿಗೆ ಬೇಕಾದ ಒಣಹದ ಬರುತ್ತದೆ. ಎರಡು ಲೀಟರು ಹಾಲಿನಿಂದ ಸುಮಾರು 350ರಿಂದ 400 ಗ್ರಾಂ ತ್ವಾರುಗ್ ದೊರೆಯುವುದು. ಹೂರಣಕ್ಕೆ ಬೇಕಾದುದು 300 ಗ್ರಾಂ. ಮಿಕ್ಕದ್ದಕ್ಕೆ ಗಟ್ಟಿ ಕೆನೆ, ಸಣ್ಣಗೆ ಹೆಚ್ಚಿದ ಈರುಳ್ಳಿ, ಎಳೆಯ ಈರುಳ್ಳಿಸೊಪ್ಪು, ಉಪ್ಪು ಬೆರೆಸಿ, ಬಿಸಿಬಿಸಿಯಾಗಿ ಬೇಯಿಸಿದ ಆಲೂಗೆಡ್ಡೆಯ ಜೊತೆಗೆ ತಿನ್ನುವ ಪದ್ಧತಿ ಪೋಜ್ನಾನ್ ಸೀಮೆಯಲ್ಲಿದೆ. ಅದು ಸ್ವತಃ ಒಂದು ಊಟಕ್ಕೆ ಸಮನಾದದ್ದು. ಪಿಯರೋಗಿಯ ಶ್ರಮಕ್ಕೆ ಇಳಿಯುವ ಮೊದಲೇ ಅದನ್ನು ಒಮ್ಮೆ ಸವಿಯಿರೆಂದು ನಾನು ಆಗ್ರಹದಿಂದ ಹೇಳುತ್ತೇನೆ, ಏಕೆಂದರೆ ತ್ವಾರುಗ್‌ನ ರುಚಿ ಯಾವುದೆಂಬುದು ನಾಲಗೆಗೆ ಪರಿಚಯವಾದ ಮೇಲೆಯೇ ಹೂರಣದಲ್ಲಿ ಏನನ್ನು ಹುಡುಕಬೇಕೆಂಬುದು ತಿಳಿಯುತ್ತದೆ.

ಇಷ್ಟೆಲ್ಲ ವ್ಯವಧಾನವಿಲ್ಲದವರು ಏನು ಮಾಡಬೇಕು? ಅಂಗಡಿಯ ಪನೀರನ್ನು ತುರಿದು ಹಾಕಿದರೆ ಹುಳಿಯಿಲ್ಲದ, ಒರಟಾದ ಹೂರಣವಾಗುತ್ತದೆ. ಕಟ್ಟಿದ ಮೊಸರೊಂದನ್ನೇ ಹಾಕಿದರೆ ಅದು ನೀರಾಡಿ ಕಣಕವನ್ನು ಒಡೆಯುತ್ತದೆ. ಹಾಲನ್ನು ನಿಂಬೆಯಿಂದ ಒಡೆಯಿಸಿ ಆಗತಾನೆ ಸೋಸಿದ ಛೇನಾವನ್ನೂ, ರಾತ್ರಿಯೆಲ್ಲ ಬಟ್ಟೆಯಲ್ಲಿ ತೂಗಿದ ಹುಳಿಮೊಸರನ್ನೂ ಸಮಭಾಗವಾಗಿ ಬೆರೆಸಿದರೆ ಒಂದರ ಕೊರತೆಯನ್ನು ಇನ್ನೊಂದು ತುಂಬಿ, ಮೂಲಕ್ಕೆ ಸಾಕಷ್ಟು ಸಮೀಪವಾಗುತ್ತದೆ. ಅಮೆರಿಕಕ್ಕೆ ವಲಸೆಹೋದ ಪೋಲರ ಸಂತತಿಯವರಲ್ಲಿ ಆಲೂಗೆಡ್ಡೆಯೊಡನೆ ಚೆಡ್ಡರ್ ಚೀಸನ್ನು ತುಂಬುವ ರೂಢಿ ಬಲಿತಿದೆ. ಆ ದೇಶದಲ್ಲಿ ಅದೂ ಒಂದು ಪರಂಪರೆಯಾಗಿಬಿಟ್ಟಿದೆಯೆಂಬುದನ್ನು ಒಪ್ಪಬೇಕು. ಆದರೆ ಚೆಡ್ಡರ್ ಕರಗಿ ಎಳೆಯೆಳೆಯಾಗುವ ಚೀಸ್, ತ್ವಾರುಗ್ ಕರಗದೆ ನಿಲ್ಲುವ ಚೀಸ್. ಬಿಸಿ ಪಿಯರೋಗಿಯನ್ನು ಕಚ್ಚಿದಾಗ ಆಲೂಗೆಡ್ಡೆಯ ಸಪ್ಪೆ ಮೃದುತ್ವದ ನಡುವೆ ಹುಳಿಯ ಪುಟ್ಟ ಪುಟ್ಟ ಕಾಳುಗಳು ಸಿಗಬೇಕಾದ ಸ್ಥಳದಲ್ಲಿ, ಬರಿಯ ಜಿಡ್ಡು ಸಿಗುವುದನ್ನು ನಾನು ನಷ್ಟವೆಂದೇ ಎಣಿಸುತ್ತೇನೆ.

ಹೂರಣಕ್ಕೆ 600 ಗ್ರಾಂ ಆಲೂಗೆಡ್ಡೆ ಬೇಕು. ಹೊಸ ಬೆಳೆಯದಕ್ಕಿಂತ ಹಳೆಯದು, ಬೆಂದಾಗ ಹಿಟ್ಟುಹಿಟ್ಟಾಗುವಂಥದು ಉತ್ತಮ. ಸಿಪ್ಪೆಸಹಿತ ಬೇಯಿಸಿದರೆ ಒಳಗೆ ನೀರು ಸೇರುವುದಿಲ್ಲ. ಬಿಸಿಯಿರುವಾಗಲೇ ಸುಲಿದು, ಒಂದು ಗಂಟೂ ಉಳಿಯದಂತೆ ಕೈಯಿಂದ ಮಸೆದು, ಅಗಲವಾದ ತಟ್ಟೆಯಲ್ಲಿ ಹರಡಿ ಆವಿಯೆಲ್ಲ ಹಾರಿಹೋಗಲು ಬಿಡಿ. ಇದನ್ನು ಮಿಕ್ಸಿಗೆ ಹಾಕಬಾರದು. ಅದರ ಅಲಗುಗಳು ಆಲೂಗೆಡ್ಡೆಯ ಕೋಶಗಳನ್ನೊಡೆದು ಪಿಷ್ಟವನ್ನೆಲ್ಲ ಹೊರಗೆಡಹುವುದರಿಂದ ಹೂರಣ ಅಂಟಾಗುತ್ತದೆ. ಎರಡು ಮಧ್ಯಮ ಗಾತ್ರದ ಈರುಳ್ಳಿಯನ್ನು ಸಣ್ಣಗೆ ಕೊಚ್ಚಿ, 30 ಗ್ರಾಂ ಬೆಣ್ಣೆಯಲ್ಲಿ ಸಣ್ಣ ಉರಿಯ ಮೇಲೆ, ಅಂಚು ಕಂದದೆ ಹೊನ್ನಿನ ಬಣ್ಣ ಬರುವವರೆಗೆ ಬಾಡಿಸಿ. ಎಲ್ಲವೂ ತಣ್ಣಗಾದ ಮೇಲೆ ಆಲೂಗೆಡ್ಡೆ, ಪುಡಿಮಾಡಿದ ತ್ವಾರುಗ್, ಈರುಳ್ಳಿಗಳನ್ನು ಕೂಡಿಸಿ, ಒಂದು ಚಮಚ ಉಪ್ಪು, ಮುಕ್ಕಾಲು ಚಮಚ ಆಗತಾನೆ ಕುಟ್ಟಿದ ಕರಿಮೆಣಸು ಸೇರಿಸಿ. ಇದರಲ್ಲಿರುವ ಏಕಮಾತ್ರ ಸಂಬಾರ ಮೆಣಸು. ಅದರಲ್ಲಿ ಕೃಪಣತೆ ತೋರಬಾರದು. ರುಚಿ ನೋಡಿದಾಗ ಉಪ್ಪು ಒಂದು ಎಳೆ ಹೆಚ್ಚಾಯಿತೆನಿಸಬೇಕು, ಏಕೆಂದರೆ ಸಪ್ಪೆಯಾದ ಕಣಕ ಅದರ ಭಾಗವನ್ನು ಕೇಳುತ್ತದೆ. ನಮ್ಮ ಅಭ್ಯಾಸದಂತೆ ಹಸಿಮೆಣಸಿನಕಾಯಿ, ಕೊತ್ತಂಬರಿಸೊಪ್ಪುಗಳನ್ನು ಸೇರಿಸುವ ಮನಸ್ಸಾಗುವುದು ಸಹಜವೇ. ಸೇರಿಸಿದರೆ ರುಚಿಯಾದ ತಿನಿಸೊಂದು ಆಗುವುದರಲ್ಲಿ ಸಂದೇಹವಿಲ್ಲ, ಆದರೆ ಹುಳಿಹಾಲಿನ ತಿಳಿಯಾದ ಪರಿಮಳ ಅವುಗಳ ಕೆಳಗೆ ಮುಳುಗಿಹೋಗುತ್ತದೆ. ಮೊದಲ ಸಲವಾದರೂ ಅವುಗಳನ್ನು ದೂರವಿಡಿ.

ಕಣಕದ ವಿಷಯ. ಪೋಲೆಂಡಿನ ಹಿಟ್ಟಿನ ಚೀಲಗಳ ಮೇಲೆ 450, 500, 650 ಎಂಬ ಸಂಖ್ಯೆಗಳಿರುತ್ತವೆ. ಹಿಟ್ಟನ್ನು ಸುಟ್ಟಾಗ ಉಳಿಯುವ ಬೂದಿಯ ಪ್ರಮಾಣವನ್ನು ಅವು ಸೂಚಿಸುತ್ತವೆ, ಸಂಖ್ಯೆ ಕಡಮೆಯಾದಷ್ಟೂ ಹಿಟ್ಟು ಬಿಳುಪು. ಪಿಯರೋಗಿಗೆ ಬಳಸುವುದು ಸಾಮಾನ್ಯವಾಗಿ ಮೊದಲ ಎರಡು ಬಗೆ. ನಮ್ಮ ಮೈದಾ ಅವುಗಳ ಸ್ಥಾನದಲ್ಲಿ ಚೆನ್ನಾಗಿ ನಡೆಯುತ್ತದೆ. 500 ಗ್ರಾಂ ಮೈದಾಕ್ಕೆ ಒಂದು ಚಮಚ ಉಪ್ಪು ಬೆರೆಸಿ, ನಡುವೆ ಗುಳಿ ತೋಡಿ, ಎರಡು ದೊಡ್ಡ ಚಮಚ ಕರಗಿಸಿದ ಬೆಣ್ಣೆಯನ್ನೂ, 250 ಮಿಲಿಲೀಟರಿನಷ್ಟು ಚೆನ್ನಾಗಿ ಬಿಸಿಯಾದ ನೀರನ್ನೂ ಸ್ವಲ್ಪ ಸ್ವಲ್ಪವಾಗಿ ಹೊಯ್ಯುತ್ತ, ಮೊದಲು ಮರದ ಸೌಟಿನಿಂದಲೂ, ಕೈ ತಾಳುವಂತಾದ ಮೇಲೆ ಕೈಯಿಂದಲೂ ಕಲಸಿ. ನೀರು ಬಿಸಿಯಿರಬೇಕೆಂಬುದಕ್ಕೆ ಕಾರಣವಿದೆ: ತಣ್ಣೀರಿನಲ್ಲಿ ಕಲಸಿದ ಹಿಟ್ಟಿನ ಅಂಟು ಬಲವಾಗಿ, ಲಟ್ಟಿಸಿದಷ್ಟೂ ಹಿಂದಕ್ಕೆ ಸೆಳೆದುಕೊಳ್ಳುತ್ತದೆ, ಬಿಸಿನೀರು ಪಿಷ್ಟದ ಒಂದು ಅಂಶವನ್ನು ಆಗಲೇ ಬೇಯಿಸಿ, ಅಂಟಿನ ಬಿಗಿಯನ್ನು ಸಡಿಲಿಸುವುದರಿಂದ ಕಣಕ ಎಳೆದತ್ತ ಬರುತ್ತದೆ, ಬೆಂದ ಮೇಲೆಯೂ ಮೃದುವಾಗಿರುತ್ತದೆ. ಕೆಲವರು ಒಂದು ಮೊಟ್ಟೆಯನ್ನು ಸೇರಿಸುವುದುಂಟು. ಅದರಿಂದ ಕಣಕಕ್ಕೆ ಗಡಸುತನ ಬರುವುದಲ್ಲದೆ ಬೇರೆ ಪ್ರಯೋಜನ ಕಾಣೆ. ಹತ್ತು ನಿಮಿಷ ನಾದಿ, ಬೆರಳಿನಿಂದ ಒತ್ತಿದ ಗುಳಿ ಮೆಲ್ಲಗೆ ಮೇಲೇಳುವಷ್ಟಾದಾಗ, ಬಿಸಿ ಮಾಡಿದ ಪಾತ್ರೆಯನ್ನು ಅದರ ಮೇಲೆ ಬೋರಲು ಹಾಕಿ, ಅರ್ಧ ಗಂಟೆ ಬಿಡಿ.

ಆಮೇಲೆ ಕಣಕವನ್ನು ನಾಲ್ಕು ಭಾಗ ಮಾಡಿ, ಒಂದನ್ನು ಲಟ್ಟಿಸುವಾಗ ಮಿಕ್ಕ ಮೂರನ್ನು ಒದ್ದೆ ಬಟ್ಟೆಯ ಕೆಳಗಿಡಿ. ಎರಡು ಮಿಲಿಮೀಟರ್ ದಪ್ಪಕ್ಕೆ ಲಟ್ಟಿಸಿ, ಎಂಟು ಸೆಂಟಿಮೀಟರ್ ಬಾಯಿಯ ಲೋಟದಿಂದ ಬಿಲ್ಲೆಗಳನ್ನು ಒತ್ತಿ ತೆಗೆಯಿರಿ. ಮಣೆಯ ಮೇಲೆ ಹುಡಿಹಿಟ್ಟನ್ನು ಆದಷ್ಟು ಕಡಮೆ ಉದುರಿಸಬೇಕು. ಅಂಚಿಗೆ ಹುಡಿ ಮೆತ್ತಿಕೊಂಡಿದ್ದರೆ ಎಷ್ಟೊತ್ತಿದರೂ ಅದು ಕೂಡಿಕೊಳ್ಳದು. ಈ ಕೆಲಸದಲ್ಲಿ ನುರಿತ ಗೃಹಿಣಿಯ ಕೈಯನ್ನು ಹತ್ತಿರದಿಂದ ನೋಡಬೇಕು. ಬಿಲ್ಲೆ ಮಣೆಯ ಮೇಲಿರುವುದಿಲ್ಲ, ಎಡ ಅಂಗೈಯ ತಗ್ಗಿನಲ್ಲಿ ಕುಳಿತಿರುತ್ತದೆ. ಉಂಡೆಕಟ್ಟಿದ ಒಂದು ದೊಡ್ಡ ಚಮಚದಷ್ಟು ಹೂರಣ ಅದರ ನಡುವೆ ಬೀಳುತ್ತಲೇ ಅಂಗೈ ತಾನಾಗಿ ಮಡಿಚಿಕೊಂಡು, ಬಿಲ್ಲೆಯ ಎರಡು ಅಂಚುಗಳನ್ನು ಒಂದರ ಬಳಿಗೊಂದನ್ನು ತರುತ್ತದೆ. ಬಲಗೈಯ ಹೆಬ್ಬೆರಳು ತೋರುಬೆರಳುಗಳು ಮೊದಲು ನಟ್ಟನಡುವೆ ಒಮ್ಮೆ ಚಿವುಟಿ, ಅಲ್ಲಿಂದ ಎರಡು ತುದಿಗಳ ಕಡೆಗೆ ಒತ್ತುತ್ತ ಸಾಗುವಾಗ, ಒಳಗಿನ ಗಾಳಿಯೆಲ್ಲ ಮುಂದೆ ತಳ್ಳಲ್ಪಟ್ಟು ಹೊರಹೋಗುತ್ತದೆ. ಗಾಳಿ ಒಳಗುಳಿದರೆ ಬೇಯುವಾಗ ಹಿಗ್ಗಿ ಬೆಸುಗೆಯನ್ನು ಬಿಚ್ಚುವುದರಿಂದ, ನಡುವಿನಿಂದ ತುದಿಗೆ ಸಾಗುವ ಈ ಕ್ರಮವನ್ನು ತಪ್ಪಿಸಬಾರದು. ಎರಡನೆಯ ಸಾರಿ ಅದೇ ಅಂಚನ್ನು ಸಣ್ಣ ಸಣ್ಣ ಮಡಿಕೆಗಳಾಗಿ ತಿರುಚುತ್ತ ಬಂದರೆ ನೆರಿಗೆಯಾಗುತ್ತದೆ. ನೆರಿಗೆ ಕಣ್ಣಿಗೆ ಅಂದವೇ ಸರಿ. ಅದು ಬಾರದಿದ್ದರೆ ಫೋರ್ಕಿನ ಹಲ್ಲುಗಳಿಂದ ಒತ್ತಿದರೂ ಕೊರತೆಯಿಲ್ಲ. ಅಂಚಿಗೆ ಹೂರಣ ತಾಗಿದ್ದರೆ ಮಾತ್ರ ಅದನ್ನು ಒರೆಸದೆ ಮುಂದುವರಿಯಬೇಡಿ, ಬೆಣ್ಣೆ ಸೋಂಕಿದ ಕಣಕ ಕಣಕಕ್ಕೆ ಹತ್ತುವುದಿಲ್ಲ. ಈ ಪ್ರಮಾಣದಿಂದ ಸುಮಾರು 50 ಪಿಯರೋಗಿಗಳಾಗುತ್ತವೆ. ಅವುಗಳನ್ನು ಒಂದಕ್ಕೊಂದು ತಾಗದಂತೆ, ಹಿಟ್ಟುದುರಿಸಿದ ಬಟ್ಟೆಯ ಮೇಲೆ ಜೋಡಿಸಿ, ಮೇಲೊಂದು ಬಟ್ಟೆ ಹೊದಿಸಿ. ಪೋಲೆಂಡಿನಲ್ಲಿ ಇದನ್ನು ಒಬ್ಬರೇ ಕುಳಿತು ಮಾಡುವುದು ಅಪರೂಪ. ಒಬ್ಬರು ಲಟ್ಟಿಸಲು, ಒಬ್ಬರು ಒತ್ತಲು, ಮಕ್ಕಳು ತಟ್ಟೆಯನ್ನು ಸಾಗಿಸಲು ನಿಂತರೆ ಕೆಲಸ ಬೇಗ ಮುಗಿಯುತ್ತದೆ. ಹಾಗೆ ನಾಲ್ಕು ಜನ ಸೇರುವ ದಿನವನ್ನೇ ಆರಿಸಿಕೊಳ್ಳಿ.

ಬೇಯಿಸುವುದಕ್ಕೆ ಅಗಲವಾದ ಪಾತ್ರೆಯಲ್ಲಿ ನಾಲ್ಕು ಲೀಟರಿನಷ್ಟು ನೀರಿರಲಿ, ಎರಡು ದೊಡ್ಡ ಚಮಚ ಉಪ್ಪು ಬೀಳಲಿ. ನೀರು ಚೆನ್ನಾಗಿ ಕುದಿಯುವಾಗ ಒಂದು ಸಲಕ್ಕೆ ಹನ್ನೆರಡರಿಂದ ಹದಿನೈದರಂತೆ ಬಿಟ್ಟು, ತಳ ಹಿಡಿಯದಂತೆ ಮರದ ಸೌಟಿನ ಬೆನ್ನಿನಿಂದ ಒಮ್ಮೆ ನೀರನ್ನು ತಿರುವಿ, ಉರಿಯನ್ನು ತಗ್ಗಿಸಿ. ಭೋರೆಂದು ಕುದಿದರೆ ಅವು ಒಂದನ್ನೊಂದು ಹಾಯ್ದು ಒಡೆಯುತ್ತವೆ. ತೇಲಿದ ಮೇಲೆ ಎರಡರಿಂದ ಮೂರು ನಿಮಿಷ ಸಾಕು. ಒಂದನ್ನೆತ್ತಿ ಅಂಚಿನ ದಪ್ಪಭಾಗವನ್ನು ಕಚ್ಚಿ ನೋಡುವುದೇ ಪರೀಕ್ಷೆ. ತೂತಿನ ಸೌಟಿನಿಂದ ತೆಗೆದು, ನೀರು ಸೋರಿಸಿ, ಕರಗಿದ ಬೆಣ್ಣೆ ಸವರಿದ ತಟ್ಟೆಯಲ್ಲಿ ಒಂದೇ ಪದರವಾಗಿ ಹರಡಿ. ಬಡಿಸುವಾಗ ಮೇಲೆ ಕಂದುಬಣ್ಣಕ್ಕೆ ಹುರಿದ ಈರುಳ್ಳಿಯನ್ನು ಅದರ ಬೆಣ್ಣೆಸಮೇತ ಸುರಿದು, ಪಕ್ಕಕ್ಕೆ ಹುಳಿಕೆನೆಯನ್ನಿಡುತ್ತಾರೆ. ಅಲ್ಲಿನವರು ಈರುಳ್ಳಿಯ ಜೊತೆಗೆ ಹಂದಿಯ ಕೊಬ್ಬಿನ ಹುರಿದ ತುಣುಕುಗಳನ್ನೂ ಹಾಕುವುದು ವಾಡಿಕೆ. ಅದು ಬೇಡವಾದವರಿಗೆ ಬೆಣ್ಣೆಯೇ ಸಾಕು. ಹುಳಿಕೆನೆ ದೊರೆಯದಿದ್ದಲ್ಲಿ, ತಾಜಾ ಕೆನೆಗೆ ಅದರ ಕಾಲುಭಾಗದಷ್ಟು ಕಟ್ಟಿದ ಮೊಸರನ್ನು ಬೆರೆಸಿ ಒಂದೆರಡು ಗಂಟೆ ಇಟ್ಟರೆ ಆಯಿತು.

ತ್ವಾರುಗ್‌ನ ಸಿಹಿ ಪಿಯರೋಗಿಯೂ ಉಂಟು. 400 ಗ್ರಾಂ ತ್ವಾರುಗ್‌ಗೆ ಮೂರು ದೊಡ್ಡ ಚಮಚ ಸಕ್ಕರೆ, ಒಂದು ಮೊಟ್ಟೆಯ ಹಳದಿ, ತುಸು ವೆನಿಲಾ ಸೇರಿಸಿ ತುಂಬುತ್ತಾರೆ. ಮೊಟ್ಟೆ ಬೇಡವೆನ್ನುವವರು ಒಂದು ಚಮಚ ರವೆಯನ್ನು ಹಾಕಿದರೆ ಅದು ನೀರನ್ನು ಹೀರಿಕೊಳ್ಳುತ್ತದೆ. ಪೂರ್ವಭಾಗದ ಲುಬ್ಲಿನ್ ಪ್ರಾಂತದಲ್ಲಿ ಇದಕ್ಕೆ ಪುದೀನವನ್ನು ಕೂಡಿಸುವ ಸೊಗಸಾದ ಪದ್ಧತಿಯಿದೆ. ಪುದೀನವನ್ನು ಚಟ್ನಿಯೊಡನೆಯೇ ನೆನೆಯುವ ನಮಗೆ ಸಕ್ಕರೆ ಮತ್ತು ಹುಳಿಹಾಲಿನ ಸಂಗದಲ್ಲಿ ಅದು ತೋರುವ ತಂಪು ಹೊಸತೆನಿಸುತ್ತದೆ.

ಕಣಕ, ಹೂರಣ, ನೆರಿಗೆಗಳ ಶ್ರಮವೇ ಬೇಡವಾದ ದಿನಗಳಿಗಾಗಿ ಪೋಲರು ಲೆನಿವೆ ಎಂಬ ಇನ್ನೊಂದು ಬಗೆಯನ್ನು ಮಾಡಿಕೊಂಡಿದ್ದಾರೆ. ಹಾಲಿನ ಬಾರುಗಳಲ್ಲಿ ಮಕ್ಕಳು ಹೆಚ್ಚಾಗಿ ಕೇಳುವುದು ಇದನ್ನೇ. ಇಲ್ಲಿ ಹೂರಣವೇ ಕಣಕದೊಳಗೆ ಬೆರೆತುಹೋಗುತ್ತದೆ. 500 ಗ್ರಾಂ ತ್ವಾರುಗ್ ಅನ್ನು ನಯವಾಗಿ ಮಸೆದು, ಒಂದು ಮೊಟ್ಟೆ, ಚಿಟಿಕೆ ಉಪ್ಪು, 150 ಗ್ರಾಂ ಮೈದಾ ಸೇರಿಸಿ, ಕೂಡಿಕೊಳ್ಳುವಷ್ಟು ಮಾತ್ರ ಕಲಸಬೇಕು. ಹೆಚ್ಚು ನಾದಿದರೆ, ಅಥವಾ ಅಂಟುತ್ತದೆಂದು ಹಿಟ್ಟನ್ನು ಮತ್ತೆ ಮತ್ತೆ ಸುರಿದರೆ, ಬೆಂದದ್ದು ಭಾರವಾಗುತ್ತದೆ. ತ್ವಾರುಗ್ ಒಣಗಿದ್ದಷ್ಟೂ ಹಿಟ್ಟು ಕಡಮೆ ಸಾಕು, ಹಿಟ್ಟು ಕಡಮೆಯಾದಷ್ಟೂ ತಿನಿಸು ಹಗುರ. ಮಣೆಯ ಮೇಲೆ ಹೆಬ್ಬೆರಳು ದಪ್ಪದ ಹಗ್ಗದಂತೆ ಹೊಸೆದು, ಮೇಲಿನಿಂದ ಚಾಕುವಿನ ಚಪ್ಪಟೆಯಿಂದ ತುಸು ಒತ್ತಿ, ಓರೆಯಾಗಿ ತುಂಡರಿಸಿ, ಕುದಿಯುವ ಉಪ್ಪುನೀರಿಗೆ ಬಿಟ್ಟರೆ ತೇಲಿಬಂದ ಒಂದೆರಡು ನಿಮಿಷದಲ್ಲಿ ಸಿದ್ಧ. ಬೆಣ್ಣೆಯಲ್ಲಿ ಬ್ರೆಡ್ಡಿನ ಪುಡಿಯನ್ನು ಘಮಘಮಿಸುವವರೆಗೆ ಹುರಿದು ಮೇಲೆ ಸುರಿದು, ಸಕ್ಕರೆ ಮತ್ತು ದಾಲ್ಚಿನ್ನಿಯ ಪುಡಿಯನ್ನು ಉದುರಿಸಿ, ಬಿಸಿಯಾಗಿಯೇ ತಿನ್ನಬೇಕು.

ಪಿಯರೋಗಿ ಮಿಕ್ಕರೆ ಅದೊಂದು ಲಾಭವೇ. ಬೇಯಿಸಿದವುಗಳನ್ನು ಬೆಣ್ಣೆ ಸವರಿ ಫ್ರಿಜ್ಜಿನಲ್ಲಿಟ್ಟು, ಮರುದಿನ ಬಾಣಲೆಯಲ್ಲಿ ಬೆಣ್ಣೆ ಕಾಯಿಸಿ, ಎರಡೂ ಮಗ್ಗುಲು ಹೊಂಬಣ್ಣಕ್ಕೆ ತಿರುಗುವವರೆಗೆ ಸಣ್ಣ ಉರಿಯಲ್ಲಿ ಹುರಿದರೆ, ಹೊರಗೆ ಗರಿಯಾಗಿ ಒಳಗೆ ಮೃದುವಾಗಿ ಬರುತ್ತವೆ. ಮೊದಲ ದಿನದ್ದಕ್ಕಿಂತ ಇದೇ ಮೇಲೆನ್ನುವ ಪೋಲರು ಅನೇಕ. ಹಸಿಯಾದವುಗಳನ್ನು ಬಹುದಿನ ಇಡಬೇಕಾದರೆ, ಹಿಟ್ಟುದುರಿಸಿದ ತಟ್ಟೆಯ ಮೇಲೆ ಬಿಡಿಬಿಡಿಯಾಗಿ ಜೋಡಿಸಿ ಫ್ರೀಜರಿನಲ್ಲಿ ಕಲ್ಲಾಗುವವರೆಗೆ ಇಟ್ಟು, ಆಮೇಲೆ ಚೀಲಕ್ಕೆ ತುಂಬಿ. ಎರಡು ತಿಂಗಳವರೆಗೆ ರುಚಿ ಕೆಡದು. ಬೇಯಿಸುವ ದಿನ ಅವುಗಳನ್ನು ಕರಗಲು ಬಿಡದೆ, ಫ್ರೀಜರಿನಿಂದ ನೇರವಾಗಿ ಕುದಿಯುವ ನೀರಿಗೆ ಬಿಟ್ಟು, ತೇಲಿದ ಮೇಲೆ ಎರಡು ನಿಮಿಷ ಹೆಚ್ಚಿಗೆ ಬೇಯಿಸಿ. ಕರಗಿದರೆ ಹೂರಣದ ನೀರು ಕಣಕವನ್ನು ನೆನೆಸಿ, ತಟ್ಟೆಗೇ ಅಂಟಿಸಿಬಿಡುತ್ತದೆ.